ಉಸ್ತಾದರ ಅಂಗಾಲು

ಮಹಾದೇವಮ್ಮನಿಗೆ ಮೊದಲು ಸುದ್ದಿ ಮುಟ್ಟಿಸಿದ್ದು ಇರುವೆಗಳು. ಗಂಡ ರಾತ್ರಿಯೆಲ್ಲ ಎದ್ದೆದ್ದು ಒಂದಕ್ಕೆ ಹೋಗಿ ಬರುವ ಬಚ್ಚಲ ಮೂಲೆಯಲ್ಲಿ ಬೆಳಗಾಗುವಷ್ಟರಲ್ಲಿ ಕೆಂಪಿರುವೆ ಮುತ್ತಿಕೊಂಡಿರುತ್ತಿದ್ದವು. ನೀರು ಹುಯ್ದರೂ ಅಷ್ಟೆ, ಫಿನಾಯಿಲ್ ಸುರಿದರೂ ಅಷ್ಟೆ, ಮರುದಿನ ಮತ್ತೆ ಹಾಜರು. ಅವಳ ಅಜ್ಜಿ ಬದುಕಿದ್ದಾಗ ಹೇಳುತ್ತಿದ್ದಳು, ಬಚ್ಚಲಿಗೆ ಇರುವೆ ಬಂದರೆ ಮನೆಯವರ ಮೈಯೊಳಗೆ ಸಿಹಿ ಸೇರಿದೆ ಅಂತ ಲೆಕ್ಕ, ಅವತ್ತಿನಿಂದಲೇ ಬಾಯಿಗೆ ಬೀಗ ಹಾಕಿಸಬೇಕು ಅಂತ. ಆ ಕಾಲದಲ್ಲಿ ರಕ್ತಪರೀಕ್ಷೆ ಎಲ್ಲಿತ್ತು? ಇರುವೆಗಳದ್ದೇ ಲ್ಯಾಬು.

"ರೀ, ನಿಮಗೆ ಸಕ್ಕರೆ ಕಾಯಿಲೆ ಬಂದೈತೆ," ಅಂದಳು ಮಹಾದೇವಮ್ಮ, ಪೊರಕೆ ಕೈಯಲ್ಲಿ ಹಿಡಿದುಕೊಂಡೇ.

"ಸಕ್ಕರೆ ಕಾಯಿಲೆ ನಿಮ್ಮಪ್ಪನ ಮನೆಯೋರಿಗೆ," ಅಂದ ತಿಪ್ಪೇರುದ್ರಪ್ಪ, ಮೀಸೆಗೆ ಎಣ್ಣೆ ತೀಡುತ್ತಾ. "ಬೆಲ್ಲದ ಡಬ್ಬಿ ತಂದು ಬಚ್ಚಲಾಗೆ ತೊಳೀತೀಯ. ಇರುವೆ ಬರದೆ ಆನೆ ಬರ್ತೈತಾ?"

ಇಂಥ ಮನುಷ್ಯನ ಹತ್ತಿರ ಏನು ಮಾತಾಡುವುದು ಹೇಳಿ. ಚಿತ್ರದುರ್ಗದಲ್ಲಿ ಕೋಟೆ ಕಡೆಗೆ ಹತ್ತುವ ಹಳೇ ಬೀದಿಯೊಂದರಲ್ಲಿ ಅವನ ಗರಡಿ ಇತ್ತು. ಬಗ್ಗಿ ಒಳಗೆ ಹೋಗಬೇಕಾದ ಗಿಡ್ಡ ಬಾಗಿಲು, ಗೋಡೆಗೆ ಒಂದೇ ಒಂದು ಗವಾಕ್ಷಿ, ಒಳಗೆ ಎಣ್ಣೆ ಮೆತ್ತಿದ ಮಾರುತಿ, ಅವನೆದುರಿಗೆ ಕುಸ್ತಿ ಆಡುವ ಕೆಮ್ಮಣ್ಣಿನ ಹೊಂಡ. ಆ ಹೊಂಡಕ್ಕೆ, ಅದರ ಮಣ್ಣಿಗೆ, ಎರಡಕ್ಕೂ ಗರಡಿಯವರು ಮಟ್ಟಿ ಅನ್ನುತ್ತಾರೆ. ತಿಪ್ಪೇರುದ್ರಪ್ಪ ಆ ಗರಡಿಗೆ ಉಸ್ತಾದ. ಅವನಪ್ಪನೂ ಉಸ್ತಾದನೇ. ಪಾಳೆಗಾರರ ಕಾಲದಿಂದಲೂ ಈ ಮಟ್ಟಿ ಆರಿಲ್ಲ ಎಂಬುದು ಅವನ ಮಾತು. ಸಾಕ್ಷಿ ಕೇಳಿದರೆ ಮಾರುತಿಯನ್ನು ತೋರಿಸುತ್ತಿದ್ದ.

ಆರೋಗ್ಯದ ವಿಷಯದಲ್ಲಿ ಅವನ ಬಾಯಿ ತೆಗೆಸಿದಿರೋ, ಅವತ್ತಿನ ಕೆಲಸ ಕೆಟ್ಟ ಹಾಗೆ. ಹೊಟ್ಟೆಯಲ್ಲಿ ಅರ್ಧ ಅನ್ನಕ್ಕೆ, ಕಾಲು ಪಾಲು ನೀರಿಗೆ, ಮಿಕ್ಕ ಕಾಲು ಪಾಲು ಗಾಳಿ ಓಡಾಡಕ್ಕೆ ಬಿಡಬೇಕು. ಸಾಮು ಮಾಡುವಾಗ ಹಣೆ ಮೇಲೆ, ಮೂಗಿನ ತುದಿ ಮೇಲೆ ಬೆವರು ಕಂಡರೆ ನಿಲ್ಲಿಸಬೇಕು, ಇರುವ ಶಕ್ತಿಯಲ್ಲಿ ಅರ್ಧ ಖರ್ಚು ಮಾಡಬೇಕು, ಅರ್ಧ ಮನೆಗೆ ವಾಪಸ್ ತರಬೇಕು. ಬೇಸಿಗೆಯ ಸಾಮು ಬೇರೆ, ಚಳಿಗಾಲದ ಸಾಮು ಬೇರೆ. ಬಂದ ಸೀನು, ಬಂದ ಆಕಳಿಕೆ ತಡೆಯಬಾರದು. ಈ ಕೊನೆಯದನ್ನು ಮಾತ್ರ ಅವನು ಎಷ್ಟು ನಿಷ್ಠೆಯಿಂದ ಪಾಲಿಸುತ್ತಿದ್ದ ಅಂದರೆ, ಮಠದಲ್ಲಿ ಸ್ವಾಮಿಗಳು ಆಶೀರ್ವಚನ ಹೇಳುವಾಗಲೂ ಚಪ್ಪರ ಹಾರಿಹೋಗುವಂತೆ ಸೀನಿ, ಪಕ್ಕದವರ ಮುಖ ನೋಡಿ ತಲೆ ಆಡಿಸುತ್ತಿದ್ದ.

ಮಿಕ್ಕವನ್ನೆಲ್ಲ ಹುಡುಗರಿಗೆ ಹೇಳುತ್ತಿದ್ದ, ತಾನು ಬಿಟ್ಟು ಬಹಳ ಕಾಲವಾಗಿತ್ತು. ಮಂಡಿ ನೋವು ಬಂದ ಮೇಲೆ ದಂಡ ಹೋಯಿತು, ಬಸ್ಕಿ ಹೋಯಿತು. ಹೋಗದೆ ಉಳಿದದ್ದು ಪೈಲ್ವಾನನ ಊಟ ಒಂದೇ. ಬಾದಾಮಿ ಗಸಗಸೆ ಅರೆದು, ಗಟ್ಟಿ ಹಾಲಿಗೆ ಕಲಸಿ, ಬೆಲ್ಲ ಹಾಕಿ, ಮೇಲೆ ತುಪ್ಪ ಬಿಟ್ಟು ದೊಡ್ಡ ಲೋಟದಲ್ಲಿ ಬೆಳಿಗ್ಗೆ ಒಂದು, ಸಂಜೆ ಒಂದು. ಈಚೆಗೆ ಯಾಕೋ ಸುಸ್ತು ಅಂತ ಮಧ್ಯಾಹ್ನಕ್ಕೂ ಒಂದು ಸೇರಿಸಿದ್ದ. ಕುಸ್ತಿ ಆಡುವವನು ಅದನ್ನು ಕುಡಿದರೆ ಬೆವರಾಗಿ ಹೋಗುತ್ತದೆ. ಕಟ್ಟೆ ಮೇಲೆ ಕೂತು ಮೀಸೆ ತೀಡುವವನು ಕುಡಿದರೆ ಎಲ್ಲಿಗೆ ಹೋಗಬೇಕು ಅದು? ಮಹಾದೇವಮ್ಮ ಇದನ್ನೇ ಕೇಳಿದಳು. ಅವನು ಲೋಟ ಎತ್ತಿ ಗಟಗಟ ಕುಡಿದು, ತೇಗಿ, "ಇನ್ನೊಂದು ಚೂರು ಬೆಲ್ಲ ಬೇಕಿತ್ತು," ಅಂದ.

ಆಗಲಿ, ಇದನ್ನೆಲ್ಲ ಅವಳು ಹೇಗೋ ಸಹಿಸಿಕೊಂಡಾಳು. ಆದರೆ ಆಷಾಢ ಮುಗಿಯುತ್ತಾ ಬಂದಾಗ ಹಾಸಿಗೆಯ ಬಿಳಿ ಹೊದಿಕೆಯ ಮೇಲೆ, ಕಾಲ ಕಡೆ, ಕೆಂಗಂದು ಬಣ್ಣದ ಕಲೆ ಕಂಡಿತು. ಒಗೆದಳು. ಮತ್ತೆ ಕಂಡಿತು. ಮಧ್ಯಾಹ್ನ ಊಟ ಮಾಡಿ ಅವನು ಪಡಸಾಲೆಯಲ್ಲಿ ಅಂಗಾತ ಮಲಗಿ ಗೊರಕೆ ಹೊಡೆಯುವಾಗ ಕಾಲ ಬುಡದಲ್ಲಿ ಕೂತು, ಕನ್ನಡಕ ಹಾಕಿಕೊಂಡು ನೋಡಿದಳು. ಬಲಗಾಲಿನ ಅಂಗಾಲಲ್ಲಿ, ಹೆಬ್ಬೆರಳಿನ ಬುಡಕ್ಕೆ, ಒಂದು ಕಡಲೆಕಾಳು ಕೂರುವಷ್ಟು ತೂತು. ತೂತಿನ ತುಂಬ ಮಟ್ಟಿ ಮಣ್ಣು. ಸುತ್ತ ಚರ್ಮ ಬೆಳ್ಳಗೆ ಸತ್ತುಹೋಗಿತ್ತು.

ಮಹಾದೇವಮ್ಮ ಕನ್ನಡಕ ಒರೆಸಿ ಮತ್ತೆ ನೋಡಿದಳು. ಹಿರಿಯೂರಿನಲ್ಲಿ ಅವಳ ಅಣ್ಣ ರಾಜಶೇಖರ್ ಇದ್ದಾನೆ, ಕೊಬ್ಬರಿ ವ್ಯಾಪಾರ ಮಾಡುತ್ತಿದ್ದವನು. ಸಕ್ಕರೆ ಕಾಯಿಲೆಯಿದ್ದ ಅವನಿಗೂ ಹೀಗೇ, ಇದೇ ಜಾಗದಲ್ಲಿ, ಚಪ್ಪಲಿ ಕಚ್ಚಿದ ಗಾಯ ಅಂತ ಶುರುವಾಗಿದ್ದು. ನೋವಿಲ್ಲ ನೋವಿಲ್ಲ ಅನ್ನುತ್ತಾ ಅಂಗಡಿಗೆ ಓಡಾಡಿದ. ಕೊನೆಗೆ ಮಂಡಿಯ ಕೆಳಗೆ ಕಾಲು ತೆಗೆದರು. ಆಸ್ಪತ್ರೆಯಿಂದ ಬಂದ ದಿನ ಮಂಚದ ಮೇಲೆ ಕೂತಿದ್ದ ಅಣ್ಣನ ಲುಂಗಿಯ ಒಂದು ಕಡೆ ಖಾಲಿ ನೇತಾಡುತ್ತಿದ್ದದ್ದು ಅವಳ ಕಣ್ಣಿಂದ ಇವತ್ತಿಗೂ ಹೋಗಿಲ್ಲ. ಅಣ್ಣ ನಗುತ್ತಾ, "ಒಂದು ಚಪ್ಪಲಿ ಉಳೀತು ಬಿಡು ಮಾದೇವಿ," ಅಂದಿದ್ದ. ಅವಳು ಹಿತ್ತಲಿಗೆ ಹೋಗಿ ಬಾಯಿಗೆ ಸೆರಗು ತುರುಕಿಕೊಂಡು ಅತ್ತಿದ್ದಳು.

ಗಂಡ ಎದ್ದ ಕೂಡಲೇ ಕೇಳಿದಳು. "ಕಾಲಿಗೆ ಏನಾಗೈತೆ?"

"ಏನೋ ತರಚಿತ್ತು. ಮಟ್ಟಿ ಮಣ್ಣು ಹಾಕ್ತಾ ಇದ್ದೀನಿ, ವಾಸಿ ಆಗೈತೆ."

"ನೋವಿಲ್ವಾ?"

"ಇಲ್ಲ ಅಂದ್ರೆ ಇಲ್ಲ. ಅದೇ ಕಣೇ ಮಟ್ಟಿಯ ಮಹಿಮೆ. ಅರಿಶಿನ, ಕರ್ಪೂರ, ಎಳ್ಳೆಣ್ಣೆ ಉಂಡ ಮಣ್ಣು ಅದು. ಮುರಿದ ಮೂಳೆ ಕೂಡಿಸೋ ಮಣ್ಣಿಗೆ ಒಂದು ತೂತು ಮುಚ್ಚೋದು ದೊಡ್ಡದಾ?"

"ನಮ್ಮಣ್ಣನಿಗೂ ನೋವಿರಲಿಲ್ಲ."

"ನಿಮ್ಮಣ್ಣ ಪೈಲ್ವಾನನಾ?" ಅಂದು ಅವನು ಶಲ್ಯ ಹೆಗಲಿಗೆ ಹಾಕಿ, ಎಂದಿನಂತೆ ಬರಿಗಾಲಲ್ಲಿ ಗರಡಿಗೆ ಹೊರಟ. ಗರಡಿಗೆ ಚಪ್ಪಲಿ ಮೆಟ್ಟಿ ಹೋಗುವ ಅಭ್ಯಾಸ ಅವನಪ್ಪನ ಕಾಲದಿಂದಲೂ ಇಲ್ಲ.

ಮಹಾದೇವಮ್ಮ ಸೋಲೊಪ್ಪುವ ಹೆಂಗಸಲ್ಲ. ಮೊದಲು ಬಾದಾಮಿ ಹಾಲು ನಿಲ್ಲಿಸಿದಳು. ಅವನು ಗರಡಿಯಲ್ಲೇ ಒಂದು ಅರೆಯುವ ಕಲ್ಲು, ಒಂದು ಸ್ಟೌ ಇಟ್ಟುಕೊಂಡ. ಹೊಸದುರ್ಗದಲ್ಲಿದ್ದ ಮಗಳು ಉಷಾಗೆ ಫೋನ್ ಮಾಡಿದಳು. ಉಷಾ ಸಕ್ಕರೆ ನೋಡುವ ಪುಟ್ಟ ಮೆಶೀನು ಹಿಡಿದು ಬಸ್ಸಿನಲ್ಲಿ ಬಂದೇಬಿಟ್ಟಳು.

"ಅಪ್ಪಾಜಿ, ಬೆರಳು ಕೊಡ್ರಿ. ಒಂದೇ ಹನಿ ರಕ್ತ."

"ಪೈಲ್ವಾನನ ರಕ್ತ ಬಿದ್ರೆ ಮಟ್ಟಿ ಮೇಲೆ ಬೀಳ್ಬೇಕಮ್ಮ. ಕಾಗದದ ಮೇಲಲ್ಲ," ಅಂದು ಅವನು ಎರಡೂ ಕೈಯನ್ನು ಕಂಕುಳಲ್ಲಿ ಮುಚ್ಚಿಟ್ಟುಕೊಂಡ. ಉಷಾ ಬೈದಳು, ಅತ್ತಳು, ಕೊನೆಗೆ ಮೆಶೀನನ್ನು ತಾಯಿಯ ಕೈಗಿಟ್ಟು, "ಅವ್ವ, ಈ ಮನುಷ್ಯನ್ನ ಬಗ್ಗಿಸೋದು ನನ್ನ ಕೈಲಿ ಆಗಲ್ಲ, ನಿನ್ನ ಕೈಲೇ ಆಗ್ಬೇಕು," ಅಂತ ಸಂಜೆ ಬಸ್ಸಿಗೆ ಹೋದಳು.

ಬಗ್ಗಿಸುವ ದಾರಿ ಮಹಾದೇವಮ್ಮನಿಗೆ ಹೊಳೆದದ್ದು ಅಕ್ಕಿ ಆರಿಸುವಾಗ. ಗಂಡನ ಬಾಯಿಂದ ವರ್ಷಗಟ್ಟಲೆ ಕೇಳಿ ಕೇಳಿ ಅವಳಿಗೆ ಗರಡಿಯ ಕಟ್ಟಳೆಗಳೆಲ್ಲ ಬಾಯಿಪಾಠ. ಅದರಲ್ಲಿ ಎಲ್ಲಕ್ಕಿಂತ ದೊಡ್ಡ ಕಟ್ಟಳೆ ಇದು: ಮೈಮೇಲೆ ಗಾಯ ಇದ್ದವನು, ಜ್ವರ ಬಂದವನು, ಕಾಲು ತೊಳೆಯದವನು ಮಟ್ಟಿಗೆ ಇಳಿಯಕೂಡದು. ಹತ್ತು ಮೈ ಉರುಳುವ ಮಣ್ಣು ಅದು, ಒಬ್ಬನ ಕೀವು ಎಲ್ಲರ ಮೈಗೂ ಹತ್ತುತ್ತದೆ. ಅದಕ್ಕೇ ಇಳಿಯುವ ಮೊದಲು ಪ್ರತಿಯೊಬ್ಬನೂ ಉಸ್ತಾದನ ಮುಂದೆ ಅಂಗೈ, ಮೊಣಕೈ, ಅಂಗಾಲು ತೋರಿಸಬೇಕು. ಚೂರು ಕೆಂಪು ಕಂಡರೂ ತಿಪ್ಪೇರುದ್ರಪ್ಪ ಎರಡೇ ಮಾತು ಆಡುತ್ತಿದ್ದ: "ಹೊರಗೆ ನಡಿ." ಅವನ ಪಟ್ಟಶಿಷ್ಯ ಮಾರುತೇಶನಿಗೇ ಒಮ್ಮೆ, ದಾವಣಗೆರೆಯ ಕುಸ್ತಿಗೆ ತಾಲೀಮು ನಡೆದಿದ್ದಾಗ, ಮಂಡಿಯ ಮೇಲಿನ ಗೀರಿಗೆ ಹೊರಗೆ ನಡಿ ಅಂದಿದ್ದ. ಮಾರುತೇಶ ಆ ಕುಸ್ತಿಗೆ ಹೋಗಲೇ ಇಲ್ಲ. ಬಿ.ದುರ್ಗದ ಕಡೆಯ ಆ ಆಳು, ಎತ್ತಿನ ಹಾಗಿರುವವನು, ಇವಳ ಅಡಿಗೆಮನೆಯಲ್ಲಿ ಕೂತು ಮೂಗು ಒರೆಸಿಕೊಂಡಿದ್ದ.

ಮಣ್ಣು ಎಲ್ಲ ವಾಸಿ ಮಾಡುತ್ತದೆ ಅಂದವರೂ ಹಿರಿಯರೇ, ಗಾಯ ಇದ್ದವನು ಮಣ್ಣಿಗೆ ಇಳಿಯಬಾರದು ಅಂದವರೂ ಹಿರಿಯರೇ. ಇವನು ತನಗೆ ಹಿತವಾದ ಹಿರಿಯನನ್ನು ಆರಿಸಿಕೊಂಡಿದ್ದಾನೆ, ಅಷ್ಟೆ. ಇನ್ನೊಬ್ಬ ಹಿರಿಯನನ್ನು ನಾನು ಎಬ್ಬಿಸುತ್ತೇನೆ ಅಂದುಕೊಂಡಳು ಮಹಾದೇವಮ್ಮ. ಅಕ್ಕಿಯಲ್ಲಿ ಸಿಕ್ಕ ಕಲ್ಲನ್ನು ಅಂಗಳದಾಚೆಗೆ ಎಸೆದಳು.

ಮಾರುತೇಶನನ್ನು ಕರೆಸಿ ಚಹಾ ಕೊಟ್ಟಳು. "ಏನಪ್ಪ, ನಾಡಿದ್ದು ಮಟ್ಟಿ ಹದ ಮಾಡ್ತೀರಲ್ಲ. ಅವತ್ತು ಎಲ್ಲರ ಎದುರಿಗೆ ನಿಮ್ಮ ಉಸ್ತಾದ್ರ ಅಂಗಾಲು ತೋರ್ಸ್ರಿ ಅಂತ ಕೇಳು."

ಮಾರುತೇಶ ಲೋಟ ಕೆಳಗಿಟ್ಟ. "ಅಮ್ಮ, ಬೇಕಾದ್ರೆ ಹುಲಿ ಬಾಯಿ ತೆಗೆಸಿ ಹಲ್ಲು ಎಣಿಸಿ ಬಾ ಅನ್ರಿ, ಹೋಗ್ತೀನಿ. ಉಸ್ತಾದ್ರ ಅಂಗಾಲು ನೋಡಾಕೆ ನಾನ್ಯಾರು?"

"ಅವರ ಕಾಲು ಹೋಗ್ತೈತಲ್ಲೋ."

"ಅಷ್ಟು ಆಗೈತಾ?" ಅಂದ. ಅವನ ಮುಖ ಬಾಡಿತು. ಆದರೂ ತಲೆ ಅಲ್ಲಾಡಿಸಿದ. "ನನ್ನ ಬಾಯಿಂದ ಆ ಮಾತು ಬರಲ್ಲಮ್ಮ. ನಾಲಿಗೆ ಏಳಲ್ಲ."

"ಸರಿ ಬಿಡು. ನಿನ್ನ ನಾಲಿಗೆ ಏಳದಿದ್ರೆ ನಂದು ಏಳ್ತೈತೆ. ನೀನು ಟಾರ್ಚು ಹಿಡಿ ಸಾಕು," ಅಂದಳು ಮಹಾದೇವಮ್ಮ.

ನಾಗರಪಂಚಮಿಗೆ ಮೊದಲು ಮಟ್ಟಿಯನ್ನು ಅಗೆದು ಹದ ಮಾಡುವುದು ಆ ಗರಡಿಯ ಪದ್ಧತಿ. ವರ್ಷವೆಲ್ಲ ತುಳಿಸಿಕೊಂಡ ಮಣ್ಣನ್ನು ಸಡಿಲ ಮಾಡಿ, ಹೊಳಲ್ಕೆರೆ ಕಡೆಯಿಂದ ತಂದ ಹೊಸ ಕೆಮ್ಮಣ್ಣನ್ನು ಜರಡಿ ಹಿಡಿದು ಬೆರೆಸಿ, ಅರಿಶಿನ, ಕರ್ಪೂರ, ಎಳ್ಳೆಣ್ಣೆ, ನಿಂಬೆರಸ ಕಲಸುತ್ತಾರೆ. ಕೊನೆಗೆ ಉಸ್ತಾದನ ಮನೆಯ ಮಜ್ಜಿಗೆ. ಆ ಮಜ್ಜಿಗೆ ಬಿದ್ದರೇ ಮಣ್ಣಿಗೆ ಜೀವ. ಮಜ್ಜಿಗೆ ಬಿದ್ದ ಮಣ್ಣಿಗೆ ಉಸ್ತಾದ ಮೊದಲು ಇಳಿದು ತುಳಿಯಬೇಕು, ಆಮೇಲೆ ಮಿಕ್ಕವರು. ಮದುವೆಯಾಗಿ ಬಂದ ವರ್ಷದಿಂದ ಆ ಮಜ್ಜಿಗೆ ಕಡೆದು ಗರಡಿಯ ಬಾಗಿಲವರೆಗೆ ತಂದು ಕೊಡುವುದು ಮಹಾದೇವಮ್ಮನ ಕೆಲಸ. ಹೆಂಗಸರು ಹೊಸ್ತಿಲು ದಾಟಬಾರದು ಅಂತ ಯಾರೋ ಯಾವಾಗಲೋ ಹೇಳಿದ್ದರು, ಅವಳು ದಾಟಿರಲಿಲ್ಲ.

ಆ ಬೆಳಿಗ್ಗೆ ಮಜ್ಜಿಗೆ ಕಡೆಯುವಾಗ ಅವಳ ಕಡಗೋಲು ಎರಡು ಸಲ ನಿಂತಿತು. ಹುಡುಗರ ಎದುರಿಗೆ ಗಂಡನ ಮರ್ಯಾದೆ ಕಳೆಯುವುದು ಸಣ್ಣ ಮಾತಲ್ಲ. ಆ ಮರ್ಯಾದೆಯೊಂದನ್ನೇ ಅವನು ಜೀವಮಾನವೆಲ್ಲ ಉಂಡು ಉಟ್ಟವನು. ಆದರೆ ಕಣ್ಣು ಮುಚ್ಚಿದರೆ ಅಣ್ಣನ ಲುಂಗಿ. ಅವನು ಬೇಕಾದರೆ ಸಾಯುವವರೆಗೂ ನನ್ನ ಹತ್ತಿರ ಮಾತು ಬಿಡಲಿ, ಎರಡು ಕಾಲಿನ ಮೇಲೆ ನಿಂತುಕೊಂಡು ಮಾತು ಬಿಡಲಿ ಅಂದುಕೊಂಡು ಕೊಡ ಸೊಂಟಕ್ಕೆ ಏರಿಸಿದಳು.

ಗರಡಿಯ ಬಾಗಿಲಲ್ಲಿ ಬಗ್ಗಿ ನೋಡಿದಾಗ ಒಳಗೆ ತಪಾಸಣೆ ನಡೆದಿತ್ತು. ತಿಪ್ಪೇರುದ್ರಪ್ಪ ಗೋಡೆ ಪಕ್ಕದ ಕಲ್ಲಿನ ಮೇಲೆ ಕೂತಿದ್ದ. ಹುಡುಗರು ಒಬ್ಬೊಬ್ಬರಾಗಿ ಬಂದು ಅಂಗೈ ಚಾಚಿ, ಮೊಣಕೈ ತಿರುಗಿಸಿ, ಗೋಡೆ ಹಿಡಿದು ಒಂದೊಂದೇ ಕಾಲೆತ್ತಿ ತೋರಿಸುತ್ತಿದ್ದರು. ಯೋಗೇಶನ ಸರದಿ ಬಂತು. ತುರುವನೂರು ಕಡೆಯ ಕುರಿ ಸಾಕುವ ಮನೆಯವನು, ಕಾಲೇಜಿಗೆ ಹೋಗುತ್ತಾ ಸಾಮು ಕಲಿಯುತ್ತಿದ್ದ. ಅವನ ಮೊಣಕೈ ಮೇಲೆ ಉಗುರಿನಷ್ಟು ಹಕ್ಕಳೆ.

"ಏನಲೇ ಇದು?"

"ಒಣಗೈತೆ ಉಸ್ತಾದ್ರೆ."

"ಒಣಗಿದ್ದು ಉದುರಿದ ಮೇಲೆ ಬಾ. ಹೊರಗೆ ನಡಿ."

ಯೋಗೇಶ ಮುಖ ಸಣ್ಣ ಮಾಡಿಕೊಂಡು ಮಹಾದೇವಮ್ಮನ ಪಕ್ಕದಲ್ಲೇ ನುಸುಳಿ ಹೊರಗಿನ ಕಟ್ಟೆ ಮೇಲೆ ಕೂತ. ತಿಪ್ಪೇರುದ್ರಪ್ಪ ಎದ್ದು, ಲುಂಗಿ ಮೇಲೆತ್ತಿ ಕಟ್ಟಿ, ಮಟ್ಟಿಯ ಅಂಚಿಗೆ ಬಂದು ನಿಂತ. "ಮಾರುತೇಶ, ಮಜ್ಜಿಗೆ ಇಸ್ಕಾ."

ಮಾರುತೇಶ ಬಾಗಿಲಿಗೆ ಬಂದು ಕೈ ಚಾಚಿದ. ಮಹಾದೇವಮ್ಮ ಕೊಡ ಬಿಡಲಿಲ್ಲ.

"ಎಲ್ಲರ ಅಂಗಾಲೂ ನೋಡಿದ್ದಾತಾ?" ಅಂದಳು, ಒಳಗಿನವರಿಗೆಲ್ಲ ಕೇಳುವಂತೆ.

"ಆತಮ್ಮ."

"ಎಲ್ರದೂ?"

ಮಾರುತೇಶ ನೆಲ ನೋಡಿದ.

"ಒಬ್ಬರದು ಉಳಿದೈತೆ. ಅದನ್ನ ನೋಡದೆ ನಮ್ಮನೆ ಮಜ್ಜಿಗೆ ಮಟ್ಟಿಗೆ ಬೀಳಲ್ಲ."

ತಿಪ್ಪೇರುದ್ರಪ್ಪ ಬಾಗಿಲ ಕಡೆ ತಿರುಗಿದ. "ಏ ಮಾದೇವಿ, ಮನೆ ಜಗಳ ಮನ್ಯಾಗೆ ಇಟ್ಕ."

"ಮನೆ ಜಗಳ ಅಲ್ಲರೀ ಇದು. ಗರಡಿ ಕಟ್ಟಳೆ. ನಾನು ಮಾಡಿದ್ದಾ ಇದು? ನಿಮ್ಮಪ್ಪ ಮಾಡಿದ್ದು, ನೀವು ದಿನಾ ಹೇಳೋದು. ಆ ಹುಡುಗ ನೋಡ್ರಿ, ಉಗುರಿನಷ್ಟು ಹಕ್ಕಳೆಗೆ ಹೊರಗೆ ಕುಂತವನೆ. ನಾಳೆ ಈ ಮಣ್ಣಾಗೆ ಇವರೆಲ್ಲ ಬೆನ್ನು ಹಾಕಿ ಉರುಳ್ತಾರೆ, ಮುಖ ತಿಕ್ಕಿಸ್ಕಂತಾರೆ. ಎಲ್ಲರ ಮಕ್ಕಳೂ ಮಕ್ಕಳೇ. ಉಸ್ತಾದ್ರ ಕಾಲಿಗೆ ಬೇರೆ ಮಟ್ಟಿ ಐತಾ, ಹೇಳ್ರಿ, ಮಜ್ಜಿಗೆ ಅಲ್ಲಿ ಹುಯ್ತೀನಿ."

ಬೈಗುಳ ಬರುತ್ತದೆ ಅಂತ ಕಾದಳು. ಬರಲಿಲ್ಲ. ತಿಪ್ಪೇರುದ್ರಪ್ಪ ಒಮ್ಮೆ ಮಾರುತಿಯನ್ನು ನೋಡಿದ, ಒಮ್ಮೆ ಹುಡುಗರನ್ನು ನೋಡಿದ, ಆಮೇಲೆ ಎದೆ ಉಬ್ಬಿಸಿ ಕಲ್ಲಿನ ಮೇಲೆ ಹೋಗಿ ಕೂತ. ಅವನ ಮುಖದಲ್ಲಿ ಅಳುಕೇ ಇರಲಿಲ್ಲ. ಅದನ್ನು ಕಂಡು ಅವಳಿಗೆ ಒಂದು ವಿಷಯ ಥಟ್ಟನೆ ಹೊಳೆಯಿತು: ಈ ಮನುಷ್ಯ ತನ್ನ ಅಂಗಾಲನ್ನು ಒಂದು ದಿನವೂ ನೋಡಿಲ್ಲ. ಹೊಟ್ಟೆ ಅಡ್ಡ, ಮಂಡಿ ಮಡಚುವುದಿಲ್ಲ. ಕೈಯಿಂದ ತಡವಿ ಮಣ್ಣು ಮೆತ್ತುತ್ತಿದ್ದ, ಅಷ್ಟೆ.

"ಬಾರಲೇ ಮಾರುತೇಶ. ನೀರು ಹಾಕಿ ತೊಳಿ, ಟಾರ್ಚು ಬಿಡು. ಎಲ್ಲರೂ ನೋಡ್ರಲೇ. ನಿಮ್ಮ ಅಮ್ಮನೂ ನೋಡ್ಲಿ, ಮಟ್ಟಿ ಅಂದ್ರೆ ಏನು ಅಂತ."

ಮಾರುತೇಶ ಟಾರ್ಚನ್ನು ಒಬ್ಬ ಹುಡುಗನ ಕೈಗೆ ಕೊಟ್ಟು, ಚೊಂಬು ತಂದು, ಉಸ್ತಾದನ ಬಲಗಾಲನ್ನು ತನ್ನ ತೊಡೆಯ ಮೇಲಿಟ್ಟುಕೊಂಡು ತೊಳೆಯತೊಡಗಿದ. ಮಣ್ಣು ಕರಗಿ ಕೆಂಪು ನೀರು ಇಳಿಯಿತು. ಇನ್ನೂ ಕರಗಿತು. ಟಾರ್ಚು ಹಿಡಿದಿದ್ದ ಹುಡುಗ ಮುಖ ಆಚೆ ತಿರುಗಿಸಿದ. ಮಾರುತೇಶ ಬಗ್ಗಿ, ಎರಡು ಬೆರಳಿನ ಉಗುರು ಜೋಡಿಸಿ, ಮೆಲ್ಲಗೆ ಏನೋ ಮಾಡಿದ. ಆಮೇಲೆ ಅಲ್ಲಾಡದೆ ಕೂತ.

"ಯಾಕಲೇ ಸುಮ್ನಾದೆ? ತೊಳೆಯೋ ಬೇಗ, ಮಣ್ಣು ಒಣಗ್ತೈತೆ," ಅಂದ ತಿಪ್ಪೇರುದ್ರಪ್ಪ.

"ತೊಳೆದೆ ಉಸ್ತಾದ್ರೆ. ಮುಳ್ಳೂ ಕಿತ್ತೆ."

"ಯಾವ ಮುಳ್ಳು?"

ಮಾರುತೇಶ ಅಂಗೈ ಚಾಚಿದ. ಅದರ ಮೇಲೆ ಒಂದು ಜಾಲಿಮುಳ್ಳು, ಅರ್ಧ ಬೆರಳುದ್ದ, ತುದಿಯವರೆಗೂ ಕಪ್ಪಗೆ ನೆನೆದದ್ದು.

ತಿಪ್ಪೇರುದ್ರಪ್ಪ ಅದನ್ನು ನೋಡಿದ. ತನ್ನ ಕಾಲನ್ನು ನೋಡಿದ. "ಯಾವಾಗ ಕಿತ್ತೆ?" ಅಂದ. ಆ ದನಿಯನ್ನು ಮಹಾದೇವಮ್ಮ ಅವನ ಬಾಯಲ್ಲಿ ಯಾವತ್ತೂ ಕೇಳಿರಲಿಲ್ಲ. ಸಂತೆಯಲ್ಲಿ ಕೈ ತಪ್ಪಿದ ಮಗು ಕೇಳುವ ಹಾಗಿತ್ತು.

"ಈಗಲೇ ಉಸ್ತಾದ್ರೆ. ನೀವು ಮಾತಾಡ್ತಾ ಇದ್ದಾಗ."

ಮುಳ್ಳನ್ನು ಅವನು ತನ್ನ ಕೈಗೆ ತೆಗೆದುಕೊಂಡ. ಎರಡು ಬೆರಳಲ್ಲಿ ತಿರುಗಿಸಿ ತಿರುಗಿಸಿ ನೋಡಿದ. ಎಷ್ಟು ದಿನದಿಂದ ಅದರ ಮೇಲೆ ಮೈಭಾರವೆಲ್ಲ ಹಾಕಿ ನಡೆದಿದ್ದನೋ. ಮಹಾದೇವಮ್ಮನಿಗೆ ಕಣ್ಣು ತುಂಬಿ ಬಂತು. ಗೆದ್ದೆ ಅಂತ ಅನ್ನಿಸಲಿಲ್ಲ. ಓಡಿಹೋಗಿ ಆ ಕಾಲನ್ನು ಸೆರಗಿನಲ್ಲಿ ಸುತ್ತಿಕೊಂಡುಬಿಡಬೇಕು ಅನ್ನಿಸಿತು. ಸೊಂಟದ ಮೇಲೆ ಕೊಡ ಇತ್ತು, ಎದುರಿಗೆ ಹೊಸ್ತಿಲು ಇತ್ತು, ನಿಂತೇ ಇದ್ದಳು.

ಗವಾಕ್ಷಿಯ ಬೆಳಕು ಮಣ್ಣಿನ ಮೇಲೆ ಬಿದ್ದಿತ್ತು. ತಿಪ್ಪೇರುದ್ರಪ್ಪ ಮುಳ್ಳನ್ನು ಮಾರುತಿಯ ಪಾದದ ಹತ್ತಿರ ಇಟ್ಟ. ಆಮೇಲೆ ಗಂಟಲು ಸರಿಮಾಡಿಕೊಂಡು, ಅದೇ ಹಳೆಯ ದನಿಯಲ್ಲಿ, ಗೋಡೆಗೆ ಬಡಿದು ವಾಪಸ್ ಬರುವ ದನಿಯಲ್ಲಿ ಅಂದ:

"ತಿಪ್ಪೇರುದ್ರಪ್ಪ, ಹೊರಗೆ ನಡಿ."

ಎದ್ದ. ಹುಡುಗರು ಸರಿದು ದಾರಿ ಬಿಟ್ಟರು. ಹಿಮ್ಮಡಿಯ ಮೇಲೆ ಭಾರ ಹಾಕಿ ಕುಂಟುತ್ತಾ ಬಂದು, ಗಿಡ್ಡ ಬಾಗಿಲಲ್ಲಿ ಬಗ್ಗಿ ಹೊರಗೆ ಬಂದ. ಹೆಂಡತಿಯ ಮುಖ ನೋಡಲಿಲ್ಲ. ಹೋಗಿ ಯೋಗೇಶನ ಪಕ್ಕದಲ್ಲಿ ಕಟ್ಟೆ ಮೇಲೆ ಕೂತ. ಯೋಗೇಶ ಗಾಬರಿಯಾಗಿ ಎದ್ದು ನಿಂತ.

"ಕುಂತ್ಕಳಲೇ. ನೀನೂ ಗಾಯದವನು, ನಾನೂ ಗಾಯದವನು," ಅಂದ ಅವನು. ಆಮೇಲೆ ಒಳಗೆ ಕೇಳುವಂತೆ ಕೂಗಿದ. "ಮಾರುತೇಶ, ನೀನು ಮೊದ್ಲು ಇಳಿ."

"ಉಸ್ತಾದ್ರೆ, ನಾನಾ?"

"ನಿನ್ನ ಅಂಗಾಲು ನಾನು ನೋಡಿದ್ದೀನಿ. ಇಳಿ ಅಂದ್ರೆ ಇಳಿ. ಮಣ್ಣು ಒಣಗ್ತೈತೆ."

ಮಾರುತೇಶ ಬಾಗಿಲಿಗೆ ಬಂದ. ಕೊಡಕ್ಕೆ ಕೈ ಹಾಕದೆ ನಿಂತು, "ಅಮ್ಮ, ಇವತ್ತು ನೀವೇ ಬಂದು ಹುಯ್ರಿ," ಅಂದ. ಹಾಗೆ ಹೇಳುವಾಗ ಅವನ ಕಣ್ಣು ಉಸ್ತಾದನ ಕಡೆಗೇ ಇತ್ತು.

ಮಹಾದೇವಮ್ಮನೂ ಆ ಕಡೆ ನೋಡಿದಳು. ತಿಪ್ಪೇರುದ್ರಪ್ಪ ಮೀಸೆ ತೀಡಿದ. "ಹುಯ್ಲಿ," ಅಂದ. "ಅಂಗಾಲು ನೋಡು ಮೊದ್ಲು."

ಇದನ್ನು ಮಹಾದೇವಮ್ಮ ಎಣಿಸಿರಲಿಲ್ಲ. ಕೊಡವನ್ನು ಮಾರುತೇಶನಿಗೆ ಕೊಟ್ಟು, ಚೌಕಟ್ಟು ಹಿಡಿದು, ನಾಚಿಕೊಳ್ಳುತ್ತಾ ಸೀರೆಯ ನೆರಿಗೆ ಒಂದಿಷ್ಟು ಮೇಲೆತ್ತಿ ಕಾಲು ತಿರುಗಿಸಿದಳು. ಟಾರ್ಚಿನ ಬೆಳಕು ಬಿತ್ತು. ಹಿಮ್ಮಡಿ ಬಿರಿದು ಬೇಸಿಗೆಯ ಕೆರೆಯಂಗಳದ ಹಾಗಾಗಿತ್ತು. ಒಂದು ಬಿರುಕಿನಲ್ಲಿ ರಕ್ತ ಹೆಪ್ಪುಗಟ್ಟಿತ್ತು. ಮನೆ ಸಾರಿಸಿ, ಬಚ್ಚಲು ತೊಳೆದು, ಇರುವೆ ಓಡಿಸಿ ಓಡಿಸಿ ನೀರಲ್ಲೇ ನಿಂತ ಕಾಲು ಅದು. ಅವಳೂ ಎಲ್ಲಿ ನೋಡಿಕೊಂಡಿದ್ದಳು?

ಮಾರುತೇಶ ಕೊಡ ಹಿಡಿದುಕೊಂಡು ಉಸ್ತಾದನ ಕಡೆ ನೋಡಿದ. ಹೇಳುವ ಕೆಲಸ ಕಟ್ಟೆಯ ಮೇಲಿಂದ ಆಯಿತು.

"ಹೊರಗೆ ನಡಿ!" ಅಂದ ತಿಪ್ಪೇರುದ್ರಪ್ಪ. ಅಷ್ಟು ಸಂತೋಷದಿಂದ ಅವನು ಆ ಮಾತನ್ನು ಯಾರಿಗೂ ಹೇಳಿರಲಿಲ್ಲ. ಒಳಗಿದ್ದ ಹುಡುಗರು ತಡೆದುಕೊಂಡಿದ್ದ ನಗುವೆಲ್ಲ ಒಮ್ಮೆಲೇ ಹೊರಬಿತ್ತು. ಯೋಗೇಶನೂ ನಕ್ಕ. ಮಹಾದೇವಮ್ಮ ಬಂದು ಗಂಡನ ಪಕ್ಕದಲ್ಲಿ ಕೂತು, ಸೆರಗಿನಿಂದ ಕಣ್ಣು ಒರೆಸಿಕೊಳ್ಳುತ್ತಾ ತಾನೂ ನಕ್ಕಳು. ಒಳಗೆ ಮಜ್ಜಿಗೆ ಬಿದ್ದ ಸದ್ದು ಕೇಳಿಸಿತು, ಮಾರುತಿಗೆ ಜಯಕಾರ ಕೇಳಿಸಿತು, ಮಾರುತೇಶನ ಕಾಲು ಮಣ್ಣು ತುಳಿಯುವುದು ಕೇಳಿಸಿತು.

"ಈಗ ಎಲ್ಲಿಗೆ ಹೋಗಾಣ ಅಂತೀಯ?" ಅಂದ ತಿಪ್ಪೇರುದ್ರಪ್ಪ, ಬೀದಿ ಕಡೆ ನೋಡುತ್ತಾ.

"ಗೊತ್ತಿಲ್ವಾ ಎಲ್ಲಿಗೆ ಅಂತ?"

"ಆಟೋ ಕರಿ," ಅಂದ ಅವನು.

ಆಸ್ಪತ್ರೆಯಲ್ಲಿ ಬೆರಳು ಚುಚ್ಚಿದರು, ತೋಳು ಚುಚ್ಚಿದರು. ಕಾಗದದ ಮೇಲೆ ಬೀಳಬಾರದ ಪೈಲ್ವಾನನ ರಕ್ತ ಎರಡು ಸೀಸೆಗೂ ಬಿತ್ತು. ಸಕ್ಕರೆ ಎಷ್ಟಿತ್ತು ಅಂದರೆ ಡಾಕ್ಟರಮ್ಮ ಕಾಗದವನ್ನು ಎರಡು ಸಲ ನೋಡಿದರು. ಮೂಳೆಗೆ ಇನ್ನೂ ಮುಟ್ಟಿಲ್ಲ, ಕಾಲು ಉಳಿಯುತ್ತದೆ, ತಡ ಮಾಡಿದ್ದರೆ ನಾವು ಬೇರೆ ಮಾತು ಆಡಬೇಕಾಗುತ್ತಿತ್ತು ಅಂದರು. ಮಹಾದೇವಮ್ಮ ಅಲ್ಲೇ ಬೆಂಚಿನ ಮೇಲೆ ಕೂತಳು. ಹಿರಿಯೂರಿನ ಅಣ್ಣನಿಗೆ ಫೋನ್ ಹಚ್ಚಿ, "ಉಳೀತಂತೆ ಅಣ್ಣ, ಉಳೀತಂತೆ," ಅನ್ನುವುದು ಬಿಟ್ಟು ಅವಳಿಗೆ ಬೇರೆ ಮಾತೇ ಬರಲಿಲ್ಲ.

ಸತ್ತ ಚರ್ಮ ಕತ್ತರಿಸಿ, ಬ್ಯಾಂಡೇಜು ಸುತ್ತಿ, ಇನ್ಸುಲಿನ್ ಬರೆದುಕೊಟ್ಟು ಡಾಕ್ಟರಮ್ಮ ಹೇಳಿದರು: ಬರಿಗಾಲಲ್ಲಿ ನಡೆಯಬೇಡಿ, ಗಾಯಕ್ಕೆ ಮಣ್ಣು ಮುಟ್ಟಿಸಬೇಡಿ, ಊಟ ಹಿತಮಿತವಾಗಿರಲಿ, ದಿನಾ ಬೆಳಿಗ್ಗೆ ತಪ್ಪದೆ ಅಂಗಾಲು ನೋಡಿಕೊಳ್ಳಿ, ನಿಮಗೆ ಕಾಣದಿದ್ದರೆ ಮನೆಯವರಿಗೆ ತೋರಿಸಿ.

ತಿಪ್ಪೇರುದ್ರಪ್ಪ ಹೆಂಡತಿಯ ಕಡೆ ತಿರುಗಿದ. ಮೀಸೆ ಮತ್ತೆ ಮೇಲೆದ್ದಿತ್ತು. "ಕೇಳಿದ್ಯಾ? ದಿನಾ ಅಂಗಾಲು ನೋಡ್ಬೇಕಂತೆ. ನಮ್ಮ ಗರಡಿ ಕಟ್ಟಳೆನೇ ಹೇಳ್ತಾವ್ರೆ."

"ಹೌದ್ರೀ. ಅರ್ಧ ಹೊಟ್ಟೆ ಊಟನೂ ನಿಮ್ಮ ಕಟ್ಟಳೆನೇ. ಮನೆಗೆ ಹೋದ ಮೇಲೆ ಅದನ್ನೂ ಶುರು ಮಾಡಾಣ," ಅಂದಳು ಮಹಾದೇವಮ್ಮ.

ಗಾಯ ಮುಚ್ಚಲು ದೀಪಾವಳಿ ಬಂತು. ಬಾದಾಮಿ ಅರೆಯುವ ಕಲ್ಲು ಗರಡಿಯಿಂದ ಮನೆಗೆ ವಾಪಸ್ ಬಂದು ಹಿತ್ತಲಲ್ಲಿ ಕೂತಿತು. ಇರುವೆಗಳು ಒಂದೊಂದಾಗಿ ಬಚ್ಚಲು ಬಿಟ್ಟು ಎಲ್ಲಿಗೋ ಹೋದವು. ಗರಡಿಯಲ್ಲಿ ಈಗ ಉಸ್ತಾದ ಮೊದಲು ತನ್ನ ಅಂಗಾಲು ತೋರಿಸುತ್ತಾನೆ, ಆಮೇಲೆ ಮಿಕ್ಕವರದು ನೋಡುತ್ತಾನೆ. ಇದೂ ಪಾಳೆಗಾರರ ಕಾಲದಿಂದ ಬಂದ ಪದ್ಧತಿಯೇ ಅಂತ ಹೊಸ ಹುಡುಗರಿಗೆ ಹೇಳುತ್ತಾನಂತೆ. ಮಾರುತೇಶ ಬಂದು ಹೇಳಿದಾಗ ಮಹಾದೇವಮ್ಮ ಹಣೆ ಚಚ್ಚಿಕೊಂಡಳು.

ಮನೆಯಲ್ಲಿ ಬೆಳಿಗ್ಗೆ ಬಿಸಿಲು ಅಂಗಳಕ್ಕೆ ಬಿದ್ದ ಕೂಡಲೇ ಅವನು ಕುರ್ಚಿಯ ಮೇಲೆ ಕೂತು ಎರಡೂ ಕಾಲು ಸ್ಟೂಲಿನ ಮೇಲೆ ಚಾಚಿ ಕೂಗುತ್ತಾನೆ, "ಉಸ್ತಾದ್ರೆ, ಬಂದು ನೋಡ್ರಿ." ಮಹಾದೇವಮ್ಮ ಕನ್ನಡಕ ಹಾಕಿ, ಬೆರಳ ಸಂದಿ ಬಿಡಿಸಿ ನೋಡಿ, "ಹೋಗಬಹುದು," ಅನ್ನುತ್ತಾಳೆ. ಆಮೇಲೆ ಅವನು ಚಪ್ಪಲಿ ಮೆಟ್ಟಿ ಹೊರಡುತ್ತಾನೆ.

ಮತ್ತೆ ಆಷಾಢ ಬಂದಾಗ, ಒಂದು ದಿನ ನೋಡಿ ಮುಗಿಸಿ ಅವಳು ಏಳಲು ಹೋದಾಗ ತಿಪ್ಪೇರುದ್ರಪ್ಪ ಅವಳ ಕೈ ಹಿಡಿದು ಎದುರಿನ ಮಣೆಯ ಮೇಲೆ ಕೂರಿಸಿದ. ಪಕ್ಕದಲ್ಲಿ ಒಂದು ಬಟ್ಟಲಲ್ಲಿ ಬೆಚ್ಚಗಿನ ಹರಳೆಣ್ಣೆ ಇತ್ತು, ಅರಿಶಿನ ಕಲಸಿದ್ದು. ಅವಳು ಏನು ಏನು ಅನ್ನುವಷ್ಟರಲ್ಲಿ ಅವಳ ಎಡಗಾಲನ್ನು ಎತ್ತಿ ತನ್ನ ತೊಡೆಯ ಮೇಲಿಟ್ಟುಕೊಂಡ.

"ಅಯ್ಯೋ, ಬಿಡ್ರೀ! ಗಂಡಸರು ಹೆಂಡ್ತಿ ಕಾಲು ಹಿಡೀತಾರಾ? ಯಾರಾದ್ರೂ ನೋಡಿದ್ರೆ?"

"ನೋಡ್ಲಿ. ಊರಿನ ಪೈಲ್ವಾನರ ಮೈಯೆಲ್ಲ ತಿಕ್ಕಿದ ಕೈ ಇದು. ಸುಮ್ನೆ ಕುಂತ್ಕ."

ಅವನ ಹೆಬ್ಬೆರಳು ಹಿಮ್ಮಡಿಯ ಒಂದೊಂದೇ ಬಿರುಕಿಗೆ ಎಣ್ಣೆ ತುಂಬುತ್ತಾ ಹೋಯಿತು. ನೋವಾಗುವ ಕಡೆ ಅವಳು ಕಾಲು ಸೆಳೆದುಕೊಂಡಳು.

"ನೋವಾತಾ?"

"ಹೂಂ."

"ಒಳ್ಳೇದು," ಅಂದ ಅವನು. ಇನ್ನೂ ಮೆಲ್ಲಗೆ ತಿಕ್ಕಿದ. "ಪಂಚಮಿ ಹೊತ್ತಿಗೆ ಇವೆಲ್ಲ ಮುಚ್ಚಿರಬೇಕು. ಈ ಸಲ ಮಜ್ಜಿಗೆ ಒಳಗೆ ಬಂದು ನೀನೇ ಹುಯ್ಬೇಕು."

ಮಹಾದೇವಮ್ಮ ಬಾಗಿಲ ಕಡೆ ಒಮ್ಮೆ ನೋಡಿ, ಸೀರೆ ಸರಿಮಾಡಿಕೊಂಡು, ಇನ್ನೊಂದು ಕಾಲನ್ನೂ ಅವನ ತೊಡೆಯ ಮೇಲಿಟ್ಟಳು.